ಕಲ್ಲಿನ ಮಾತು, ಕೊರಳಿನ ಮಾತು: ನರೇಗಲ್ ಸೀಮೆಯ ಮೌಖಿಕ ಪರಂಪರೆ ಮತ್ತು ಅದರ ಅಧ್ಯಯನ

ಗದಗ ಜಿಲ್ಲೆಯ ನರೇಗಲ್ ವಿದ್ವತ್ ಲೋಕಕ್ಕೆ ಮೊದಲು ಪರಿಚಿತವಾದುದು ಕಲ್ಲಿನ ಮೂಲಕ. ಕ್ರಿ.ಶ. 950ರಲ್ಲಿ, ರಾಷ್ಟ್ರಕೂಟ ಮೂರನೆಯ ಕೃಷ್ಣನ ಆಳ್ವಿಕೆಯ ಕಾಲದಲ್ಲಿ, ಗಂಗ ಪೆರ್ಮಾಡಿ ಬೂತುಗನ ರಾಣಿ ಪದ್ಮಬ್ಬರಸಿ ಇಲ್ಲಿ ಬಸದಿಯೊಂದನ್ನು ಕಟ್ಟಿಸಿದಳು. ಆ ಬಸದಿಯ ದಾನಶಾಲೆಗೆ ಕೆರೆಯೊಂದನ್ನು ದಾನವಾಗಿ ಬಿಟ್ಟ ಸಂಗತಿಯನ್ನು ಶಾಸನ ದಾಖಲಿಸಿದೆ. ಮುಂದೆ ಎರಂಬರಗೆಯ ಸಿಂದರ ಕಾಲದಲ್ಲಿ ಕಿಸುಕಾಡು ಎಪ್ಪತ್ತು, ಕೆಲವಾಡಿ ಮುನ್ನೂರು, ಬಾಗಡಗೆ ಎಪ್ಪತ್ತುಗಳ ಜೊತೆಯಲ್ಲಿ ನರೆಯಂಗಲ್ಲು ಹನ್ನೆರಡು ಎಂಬ ಆಡಳಿತ ವಿಭಾಗವೂ ಕಾಣಿಸಿಕೊಳ್ಳುತ್ತದೆ. ಈ ಸಿಂದ ಅರಸರ ಶಾಸನಗಳನ್ನು, ಅವುಗಳಲ್ಲಿ ನರೇಗಲ್ ಮತ್ತು ಪಕ್ಕದ ಕೋಡಿಕೊಪ್ಪದ ಶಾಸನಗಳನ್ನೂ, 1870ರ ದಶಕದಲ್ಲಿ ಓದಿ ಪ್ರಕಟಿಸಿದವನು ಮುಂಬಯಿ ಪ್ರಾಂತದ ಅಧಿಕಾರಿಯಾಗಿದ್ದ ಜೆ.ಎಫ್. ಫ್ಲೀಟ್.

ಅದೇ ಫ್ಲೀಟ್ 1880ರ ದಶಕದಲ್ಲಿ 'ಇಂಡಿಯನ್ ಆಂಟಿಕ್ವೆರಿ' ಪತ್ರಿಕೆಯಲ್ಲಿ ಕನ್ನಡ ಲಾವಣಿಗಳನ್ನು ಇಂಗ್ಲಿಷ್ ಅನುವಾದದೊಡನೆ ಪ್ರಕಟಿಸತೊಡಗಿದನೆಂಬುದು ಜಾನಪದ ವಿದ್ಯಾರ್ಥಿಗಳಿಗೆ ತಿಳಿದ ವಿಷಯ. ಹಲಗಲಿಯ ಬೇಡರ ದಂಗೆ, ಆದಾಯ ತೆರಿಗೆಯ ಹೇರಿಕೆ, ಸಂಗ್ಯಾನ ಕೊಲೆ ಮೊದಲಾದವು ಆ ಲಾವಣಿಗಳ ವಸ್ತು. ಕನ್ನಡ ಜಾನಪದ ಅಧ್ಯಯನದ ಚರಿತ್ರೆಯನ್ನು ಬರೆಯುವವರು ಈ ಪ್ರಕಟಣೆಯನ್ನು ಆರಂಭದ ಮೈಲಿಗಲ್ಲುಗಳಲ್ಲಿ ಒಂದೆಂದು ಗೌರವದಿಂದ ಸ್ಮರಿಸುವುದು ರೂಢಿ. ಆ ಗೌರವ ಸಲ್ಲತಕ್ಕದ್ದೇ. ಆದರೆ ಕಲ್ಲನ್ನು ಓದಿದ ಕೈಯೇ ಕೊರಳಿನ ಮಾತನ್ನೂ ಬರೆದುಕೊಂಡಿತೆಂಬ ಆಕಸ್ಮಿಕವು ಮುಂದಿನ ಒಂದು ಶತಮಾನದ ನಮ್ಮ ಅಧ್ಯಯನ ಕ್ರಮದ ಮೇಲೆ ಎಂಥ ಪರಿಣಾಮ ಬೀರಿತೆಂಬುದನ್ನು ವಿಮರ್ಶಕರು ಅಷ್ಟಾಗಿ ಗಮನಿಸಿದಂತಿಲ್ಲ.

ಶಾಸನ ಒಂದೇ ಇರುತ್ತದೆ. ಅದಕ್ಕೆ ಒಂದು ಸ್ಥಳ, ಒಂದು ಕಾಲ, ನಿಶ್ಚಿತ ಸಂಖ್ಯೆಯ ಸಾಲುಗಳು. ಸವೆದ ಅಕ್ಷರವನ್ನು ಊಹಿಸಿ ತುಂಬುವುದು, ಮೂಲಪಾಠವನ್ನು ನಿರ್ಣಯಿಸುವುದು ಓದುಗನ ಕರ್ತವ್ಯ. ಲಾವಣಿಗೆ ಈ ಶಿಸ್ತನ್ನು ಅನ್ವಯಿಸಿದಾಗ ಹಾಡೂ ಒಂದು ಕಲ್ಲಾಗುತ್ತದೆ. ಹಾಡುಗಾರರ ನಡುವೆ ಇರುವ ವ್ಯತ್ಯಾಸಗಳು 'ಪಾಠಾಂತರ'ಗಳಾಗುತ್ತವೆ. ಪಾಠಾಂತರವೆಂದೊಡನೆ ಅವುಗಳ ಹಿಂದೆ ಎಲ್ಲೋ ಒಂದು 'ಶುದ್ಧಪಾಠ' ಇದೆಯೆಂಬ ನಂಬಿಕೆ ಹುಟ್ಟಿಕೊಳ್ಳುತ್ತದೆ. ಆಲ್ಬರ್ಟ್ ಲಾರ್ಡ್ 1960ರಲ್ಲಿ ಯುಗೋಸ್ಲಾವಿಯದ ಹಾಡುಗಾರರನ್ನು ಕುರಿತು ಬರೆದ ಗ್ರಂಥದಲ್ಲಿ ಪ್ರತಿಯೊಂದು ಹಾಡಿಕೆಯೂ ಒಂದು ರಚನೆಯೇ ಎಂದು ತೋರಿಸಿದ ನಂತರವೂ ಕನ್ನಡದ ಅನೇಕ ಸಂಪಾದಿತ ಸಂಕಲನಗಳು ಶಾಸನಸಂಪುಟದ ಮಾದರಿಯನ್ನು ಬಿಟ್ಟುಕೊಡಲಿಲ್ಲ.

ಅಂಕಿತದ ಪ್ರಶ್ನೆ

ಈ ಮಾತನ್ನು ಹಲಗಲಿಯ ಲಾವಣಿಯ ಸಂದರ್ಭದಲ್ಲಿಯೇ ಪರಿಶೀಲಿಸಬಹುದು. ಜನರು ತಮ್ಮಲ್ಲಿದ್ದ ಆಯುಧಗಳನ್ನು ಸರ್ಕಾರಕ್ಕೆ ಒಪ್ಪಿಸಬೇಕೆಂಬ ಆಜ್ಞೆಯ ವಿರುದ್ಧ 1857ರಲ್ಲಿ ಮುಧೋಳ ಸೀಮೆಯ ಹಲಗಲಿಯ ಬೇಡರು ಎದ್ದು ನಿಂತ ಕಥೆ ಇದು. ಫ್ಲೀಟನ ಪ್ರಕಟಣೆಯಿಂದ ಮೊದಲ್ಗೊಂಡು ಬಿ.ಎಸ್. ಗದ್ದಗಿಮಠ ಅವರ 'ಕನ್ನಡ ಜನಪದ ಗೀತೆಗಳು' ಗ್ರಂಥದ ಮೂಲಕ ಶಾಲಾ ಪಠ್ಯಪುಸ್ತಕದವರೆಗೆ ಈ ಲಾವಣಿ ಪಯಣಿಸಿದೆ. ಪಠ್ಯಪುಸ್ತಕದಲ್ಲಿ ಓದಿದ ಮಕ್ಕಳಿಗೆ ಹನುಮ, ಬಾಲ, ಜಡಗ, ರಾಮರ ಹೆಸರುಗಳು ಪರಿಚಿತ.

ಲಾವಣಿಯ ಕೊನೆಯಲ್ಲಿ ಕುರ್ತಕೋಟಿಯ ಕಲ್ಮೇಶನ ಅಂಕಿತವಿದೆ. ಕುರ್ತಕೋಟಿ ಗದಗ ತಾಲೂಕಿನ ಊರು. ಕಲ್ಮೇಶ ದೇವರ ಹೆಸರು. ಆದರೆ ಇದನ್ನು ಕವಿಯ ಹೆಸರೆಂಬಂತೆ ಓದುವ ಪ್ರವೃತ್ತಿ ಬಲವಾಗಿ ಬೇರೂರಿದೆ. ಲಾವಣಿಕಾರರ ರೂಢಿಯಲ್ಲಿ ಕೊನೆಯ ನುಡಿ ಊರನ್ನೂ ಊರದೇವರನ್ನೂ ಕೆಲವೊಮ್ಮೆ ಗುರುವನ್ನೂ ಹೇಳುತ್ತದೆ. ರಚಿಸಿದವನ ಹೆಸರು ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ವಚನ, ಕೀರ್ತನೆಗಳ ಅಂಕಿತಗಳನ್ನು ಕಂಡ ಕಣ್ಣು ಇಲ್ಲಿಯೂ ಒಬ್ಬ ಕರ್ತೃವನ್ನು ಹುಡುಕುತ್ತದೆ. ವಾಸ್ತವದಲ್ಲಿ ಈ ಅಂಕಿತ ಹೇಳುವುದು 'ಇದು ನಮ್ಮ ಊರಿನ ಮೇಳದ ಪದ' ಎಂಬ ಸಂಗತಿಯನ್ನು. ಅಂದರೆ ಅದು ಕರ್ತೃತ್ವದ ಸಹಿಯಲ್ಲ, ಹಾಡುವ ಹಕ್ಕಿನ ಮತ್ತು ಹೊಣೆಯ ಘೋಷಣೆ. ಮುಧೋಳ ಸೀಮೆಯಲ್ಲಿ ನಡೆದ ಸುದ್ದಿಯನ್ನು ಗದಗ ಸೀಮೆಯ ಮೇಳವೊಂದು ತನ್ನ ದೇವರ ಹೆಸರಿಟ್ಟು ಹಾಡಿತೆಂಬುದು ಕರ್ತೃವಿನ ಜೀವನಚರಿತ್ರೆಗಿಂತ ಹೆಚ್ಚು ಮಹತ್ವದ ಸಾಮಾಜಿಕ ದಾಖಲೆ. ಸುದ್ದಿ ಯಾವ ಸಂತೆ, ಯಾವ ಜಾತ್ರೆಗಳ ದಾರಿಯಲ್ಲಿ ನಡೆದು ಬಂತು, ಯಾರು ಅದನ್ನು ನಂಬಿದರು, ನಂಬಿ ಹಾಡಿದ್ದಕ್ಕೆ ಯಾವ ಅಪಾಯವನ್ನು ಎದುರಿಸಬೇಕಾಗಿತ್ತು ಎಂಬ ಪ್ರಶ್ನೆಗಳು ಇಲ್ಲಿಂದ ಹೊರಡಬೇಕಿತ್ತು.

ಅಪಾಯ ಇದ್ದೇ ಇತ್ತು. ಹಲಗಲಿಯ ಮರುವರ್ಷವೇ ಈ ಸೀಮೆ ಹೊತ್ತಿ ಉರಿದಿತ್ತು. 1858ರ ಮೇ ತಿಂಗಳಲ್ಲಿ ಮುಂಡರಗಿಯ ಭೀಮರಾಯ ಡಂಬಳದ ಖಜಾನೆಗೆ ಕೈಹಾಕಿದ. ಅದೇ ತಿಂಗಳ 29ರ ರಾತ್ರಿ ಸುರೇಬಾನದಲ್ಲಿ ಬ್ರಿಟಿಷ್ ಅಧಿಕಾರಿ ಮ್ಯಾನ್ಸನ್ ನರಗುಂದದ ಬಾಬಾಸಾಹೇಬನ ಪಡೆಯ ಕೈಯಲ್ಲಿ ಹತನಾದ. ಜೂನ್ ಮೊದಲ ವಾರ ಮುಗಿಯುವುದರೊಳಗೆ ಕೊಪ್ಪಳದ ಕೋಟೆಯಲ್ಲಿ ಭೀಮರಾಯ ಬಿದ್ದ, ನರಗುಂದದ ಕೋಟೆ ಸರ್ಕಾರದ ವಶವಾಯಿತು. ದತ್ತುಪುತ್ರನಿಗೆ ಸಂಸ್ಥಾನದ ಹಕ್ಕು ನಿರಾಕರಿಸಲ್ಪಟ್ಟದ್ದು, ಆಯುಧಗಳನ್ನು ಒಪ್ಪಿಸಬೇಕಾಗಿ ಬಂದದ್ದು ಬಾಬಾಸಾಹೇಬನ ಸಿಟ್ಟಿನ ಕಾರಣಗಳೆಂದು ಚರಿತ್ರಕಾರರು ಬರೆದಿದ್ದಾರೆ. ಅವನನ್ನು ಬೆಳಗಾವಿಯಲ್ಲಿ ಗಲ್ಲಿಗೇರಿಸಲಾಯಿತು. ಇಂಥ ಪರಿಸರದಲ್ಲಿ ದಂಗೆಯ ಪದ ಹಾಡುವುದು ಮನರಂಜನೆ ಮಾತ್ರವಾಗಿರಲು ಸಾಧ್ಯವಿರಲಿಲ್ಲ. ಮೂರು ದಶಕಗಳ ನಂತರ ಅದೇ ಸರ್ಕಾರದ ಅಧಿಕಾರಿಯೊಬ್ಬ ಆ ಪದವನ್ನು ವಿದ್ವತ್ ಪತ್ರಿಕೆಯಲ್ಲಿ ಅಚ್ಚುಹಾಕಿಸಿದನೆಂದರೆ, ಪದದ ಬೆಂಕಿ ಆರಿತೆಂದು ಸರ್ಕಾರಕ್ಕೆ ಖಾತ್ರಿಯಾಗಿತ್ತೆಂದೇ ಅರ್ಥ. ಅಥವಾ ಅಚ್ಚಾದ ಹಾಡು ಬೇರೆ, ಹಾಡಿದ ಹಾಡು ಬೇರೆ ಎಂಬುದನ್ನು ನಮ್ಮ ಸಂಶೋಧಕರಿಗಿಂತ ಮೊದಲು ಸರ್ಕಾರವೇ ಅರಿತಿತ್ತು ಎನ್ನಬೇಕು.

ಪಠ್ಯದ ಒಳಗೂ ಗಮನಿಸತಕ್ಕ ಅಂಶವೊಂದಿದೆ. ಸರ್ಕಾರಿ ಕಾಗದಪತ್ರಗಳು ದಂಗೆಯನ್ನು ಸೆರೆಸಿಕ್ಕವರ, ಗಲ್ಲಿಗೇರಿದವರ ಲೆಕ್ಕದಲ್ಲಿ ಹೇಳುತ್ತವೆ. ಲಾವಣಿ ಲೂಟಿಯಾದ ಮನೆಸಾಮಾನಿನ ಲೆಕ್ಕ ಕೊಡುತ್ತದೆ: ಒಕ್ಕಲುತನದ ಕಬ್ಬಿಣದ ಸಲಕರಣೆ, ಹಾಲು ಮೊಸರು ಬೆಣ್ಣೆ, ಉಪ್ಪು ಎಣ್ಣೆ ಅರಿಷಿಣ, ಕೊನೆಗೆ ಮಂಗಳಸೂತ್ರ, ಬೀಸುವ ಕಲ್ಲು. ವೀರರ ಪರಾಕ್ರಮಕ್ಕೆ ಮೀಸಲಾದ ನುಡಿಗಳ ಸಾಲಿನಲ್ಲಿ ಈ ಯಾದಿ ಅನಗತ್ಯ ವಿವರವೆಂದು ತೋರಬಹುದು. ಆದರೆ ಕೇಳುಗರಲ್ಲಿ ಹೆಚ್ಚಿನವರು ಒಕ್ಕಲು ಮನೆಯವರೆಂಬುದನ್ನು ನೆನೆದರೆ ಲಾವಣಿಯ ತೂಕ ಈ ಯಾದಿಯಲ್ಲಿಯೇ ಇದೆಯೆಂಬುದು ತಿಳಿಯುತ್ತದೆ. ಬೀಸುವ ಕಲ್ಲು ಹೋದ ಮನೆಯಲ್ಲಿ ಮರುದಿನ ರೊಟ್ಟಿಯಿಲ್ಲ. ದಂಗೆಯ ನಷ್ಟವನ್ನು ಅಡುಗೆಮನೆಯಿಂದ ಅಳೆಯುವ ಈ ದೃಷ್ಟಿ ಯಾವ ದಫ್ತರದಲ್ಲಿಯೂ ಸಿಕ್ಕುವುದಿಲ್ಲ. ಮೌಖಿಕ ಪರಂಪರೆ ಚರಿತ್ರೆಗೆ 'ಪೂರಕ ಆಕರ' ಎಂದು ಹೇಳಿ ಮುಂದೆ ಸಾಗುವವರು ಗಮನಿಸಬೇಕಾದುದು ಇದನ್ನು. ಇಲ್ಲಿ ಲಾವಣಿ ಇತಿಹಾಸದ ಬಿಟ್ಟ ಸ್ಥಳವನ್ನು ತುಂಬುತ್ತಿಲ್ಲ; ಬೇರೆಯದೇ ಲೆಕ್ಕವನ್ನು ಬರೆಯುತ್ತಿದೆ.

ಎದುರಾಳಿ ಇಲ್ಲದ ಪದ

ಗದಗ, ಬಾಗಲಕೋಟೆ, ವಿಜಯಪುರ, ಬೆಳಗಾವಿ ಸೀಮೆಗಳ ಗೀಗೀ ಪದ ಮೂಲತಃ ವಾದದ ಪ್ರಕಾರ. ಹರದೇಸಿ ಮತ್ತು ನಾಗೇಸಿ ಎಂಬ ಎರಡು ಪಕ್ಷಗಳು ದಪ್ಪು, ತುಂತುಣಿಗಳೊಡನೆ ಎದುರುಬದುರು ನಿಂತು ರಾತ್ರಿಯಿಡೀ ಹಾಡುತ್ತವೆ. ಒಂದು ಶಿವನ ಪಕ್ಷ, ಗಂಡು ಹೆಚ್ಚೆನ್ನುವುದು. ಇನ್ನೊಂದು ಶಕ್ತಿಯ ಪಕ್ಷ, ಹೆಣ್ಣು ಹೆಚ್ಚೆನ್ನುವುದು. ಪ್ರಶ್ನೆಯನ್ನು ಪದದಲ್ಲಿಯೇ ಎಸೆಯಬೇಕು, ಉತ್ತರವನ್ನು ಪದದಲ್ಲಿಯೇ ಕಟ್ಟಬೇಕು. ಹಾಗಾಗಿ ಯಾವ ಪದವೂ ತನ್ನಷ್ಟಕ್ಕೆ ಪೂರ್ಣವಲ್ಲ. ಹಿಂದಿನ ಪದಕ್ಕೆ ಉತ್ತರವಾಗಿ, ಮುಂದಿನದಕ್ಕೆ ಸವಾಲಾಗಿ ಅದು ನಿಲ್ಲುತ್ತದೆ. ಕೇಳುಗರು ಬರುವುದು ವಾದದ ರುಚಿಗೆ.

ಸಂಕಲನಗಳಲ್ಲಿ ಈ ಪದಗಳು ಹೇಗೆ ಕಾಣಿಸಿಕೊಳ್ಳುತ್ತವೆ? ವಸ್ತುವಿನ ಪ್ರಕಾರ ವಿಂಗಡಿತವಾಗಿ: ಪೌರಾಣಿಕ, ಐತಿಹಾಸಿಕ, ಸಾಮಾಜಿಕ, ತಾತ್ವಿಕ. ಹರದೇಸಿಯವರ ಪದ ಒಂದು ಭಾಗದಲ್ಲಿ, ಅದಕ್ಕೆ ನಾಗೇಸಿಯವರು ಕೊಟ್ಟ ಉತ್ತರ ಬೇರೊಂದು ಭಾಗದಲ್ಲಿ, ಇಲ್ಲವೇ ಎಲ್ಲಿಯೂ ಇಲ್ಲ. ವ್ಯಾಜ್ಯದ ಕಡತದಿಂದ ಒಬ್ಬ ವಕೀಲನ ಮಾತನ್ನು ಮಾತ್ರ ಹರಿದು ತೆಗೆದಂತೆ. ಹೀಗೆ ಓದಿದಾಗ ಹೆಣ್ಣನ್ನು ಹೀಗಳೆಯುವ ಹರದೇಸಿ ಪದವೊಂದು 'ಜನಪದರ ಸ್ತ್ರೀದೃಷ್ಟಿ'ಗೆ ಉದಾಹರಣೆಯಾಗಿಬಿಡುತ್ತದೆ. ಅದನ್ನು ಆಧರಿಸಿ ಜನಪದರು ಸ್ತ್ರೀವಿರೋಧಿಗಳೆಂದು ಒಬ್ಬರು, ನಾಗೇಸಿ ಪದವನ್ನು ಆಧರಿಸಿ ಸ್ತ್ರೀಪರರೆಂದು ಇನ್ನೊಬ್ಬರು ತೀರ್ಮಾನಿಸುತ್ತಾರೆ. ಎರಡೂ ಪಕ್ಷದ ಮಾತನ್ನು ಒಂದೇ ರಾತ್ರಿ, ಒಂದೇ ಕಟ್ಟೆಯ ಮುಂದೆ ಕೂತು ಕೇಳುವ ಸಮಾಜವೊಂದಿತ್ತು ಎಂಬ ಮುಖ್ಯ ಸಂಗತಿ ಇಬ್ಬರ ಗಮನಕ್ಕೂ ಬೀಳುವುದಿಲ್ಲ.

1950ರಲ್ಲಿ ಆರಂಭವಾದ ಧಾರವಾಡ ಆಕಾಶವಾಣಿ ಕೇಂದ್ರ ಉತ್ತರ ಕರ್ನಾಟಕದ ಹಾಡುಗಾರರಿಗೆ ದೊಡ್ಡ ವೇದಿಕೆಯಾಯಿತೆಂಬುದರಲ್ಲಿ ಸಂದೇಹವಿಲ್ಲ. ಆದರೆ ಪ್ರಸಾರದ ನಿಮಿಷಗಳ ಅಳತೆಗೆ ರಾತ್ರಿಯ ವಾದ ಒಗ್ಗುವುದಿಲ್ಲ, ಒಗ್ಗುವುದು ಬಿಡಿಪದ. ಮುಂದೆ ಕುಟುಂಬ ಯೋಜನೆ, 1990ರ ದಶಕದ ಸಾಕ್ಷರತಾ ಆಂದೋಲನ, ಆರೋಗ್ಯ ಪ್ರಚಾರಗಳಿಗೆ ಗೀಗೀ ಮೇಳಗಳನ್ನು ಬಳಸಿಕೊಂಡಾಗ ಎದುರು ಪಕ್ಷ ಇನ್ನೂ ದೂರ ಸರಿಯಿತು. ಸರ್ಕಾರದ ಸಂದೇಶಕ್ಕೆ ಎದುರು ಪದ ಕಟ್ಟುವ ನಾಗೇಸಿಯನ್ನು ಯಾವ ಇಲಾಖೆಯೂ ಕರೆಸುವುದಿಲ್ಲ. ಇದರಿಂದ ಮೇಳಗಳಿಗೆ ಆದಾಯ ಬಂತು, ಕೆಲವು ಮೇಳಗಳು ಇದರಿಂದಲೇ ಉಳಿದವು. ಉಳಿದದ್ದು ಯಾವುದು ಎಂಬ ಪ್ರಶ್ನೆ ಮಾತ್ರ ಉಳಿದಿದೆ. ಆದಾಯ ತೆರಿಗೆಯ ಮೇಲೆ ಲಾವಣಿ ಕಟ್ಟಿದ್ದ ಪರಂಪರೆ ಇದು ಎಂಬುದನ್ನು ನೆನೆದರೆ ಅಂತರ ಸ್ಪಷ್ಟವಾಗುತ್ತದೆ.

ಗಣಪತಿಯ ವರದಿ, ಜೋಕುಮಾರನ ವರದಿ

ನರೇಗಲ್ ಎರೆಭೂಮಿಯ ಸೀಮೆ. ಮುಂಗಾರಿನಲ್ಲಿ ಹೆಸರು, ಹಿಂಗಾರಿನಲ್ಲಿ ಬಿಳಿಜೋಳ, ಕಡಲೆ, ಗೋದಿ, ಕುಸುಬೆ. ನದಿಯಿಲ್ಲ; ಮಳೆ ಕೈಕೊಟ್ಟರೆ ಬೇರೆ ಗತಿಯಿರಲಿಲ್ಲ. ಆದ್ದರಿಂದ ಇಲ್ಲಿಯ ಮೌಖಿಕ ಪರಂಪರೆಯಲ್ಲಿ ಮಳೆಯ ಆಚರಣೆಗಳಿಗೆ ಇರುವ ಪ್ರಾಮುಖ್ಯ ಸಹಜ. ಆದರೆ ಅಧ್ಯಯನಗಳಲ್ಲಿ ಗುರ್ಜಿ ಮತ್ತು ಜೋಕುಮಾರ ಎರಡನ್ನೂ 'ಮಳೆ ದೈವಗಳು' ಎಂಬ ಒಂದೇ ಶೀರ್ಷಿಕೆಯಡಿ ಸೇರಿಸಿಬಿಡುವುದು ಸಾಮಾನ್ಯವಾಗಿದೆ. ಈ ವರ್ಗೀಕರಣ ಬೇಸಾಯವನ್ನು ಬಲ್ಲವರು ಮಾಡಿದ್ದಲ್ಲ.

ಗುರ್ಜಿ ಮಳೆ ಹೋದಾಗ ಮಾತ್ರ ಬರುತ್ತದೆ. ಹಂಚಿನ ಮೇಲೆ ಸಗಣಿಯ ಗುರ್ಜಿಯನ್ನಿಟ್ಟು ತಲೆಯ ಮೇಲೆ ಹೊತ್ತು ಮನೆಮನೆಗೆ ಹೋಗುವುದು, ಮನೆಯವರು ನೀರು ಸುರಿಯುವುದು, ಹಾಡು, ಸಂಗ್ರಹವಾದ ಹಿಟ್ಟುಕಾಳಿನಿಂದ ಅಡುಗೆ. ಅದಕ್ಕೆ ತಿಥಿಯಿಲ್ಲ, ಬರವೇ ತಿಥಿ. ಜೋಕುಮಾರನಿಗೆ ತಿಥಿಯುಂಟು. ಭಾದ್ರಪದ ಶುದ್ಧದಲ್ಲಿ, ಗಣಪತಿ ಬಂದುಹೋಗುವ ದಿನಗಳ ಬೆನ್ನಿಗೆ, ಅಷ್ಟಮಿಯ ಸುಮಾರಿಗೆ ಹುಟ್ಟಿ ಹುಣ್ಣಿಮೆಗೆ ಸಾಯುವ ಏಳು ದಿನದ ದೇವರು ಅವನು. ಮಳೆ ಚೆನ್ನಾಗಿ ಆದ ವರ್ಷವೂ ಬರುತ್ತಾನೆ. ಅವನು ಬರುವ ಹೊತ್ತಿಗೆ ಹೆಸರು ಕಿತ್ತು ಹೊಲ ಖಾಲಿಯಾಗಿರುತ್ತದೆ. ಉತ್ತರಿ, ಹಸ್ತ ಮಳೆಗಳನ್ನು ನೋಡಿಕೊಂಡು ಹಿಂಗಾರಿಯ ಬಿತ್ತನೆಗೆ ಅಣಿಯಾಗುವ ಸಮಯ. ಒಂದು ಪೀಕು ಮನೆಗೆ ಬಂದು ಇನ್ನೊಂದು ಮಣ್ಣಿಗೆ ಬೀಳುವ ನಡುವಿನ ಸಂಧಿಕಾಲ. ಜೋಳದ ನಾಡಿನಲ್ಲಿ ಜೋಕುಮಾರನ ಮಹತ್ವ ಹೆಚ್ಚಿರುವುದಕ್ಕೆ ಇದು ಕಾರಣವಾಗಿರಬೇಕು. ಗುರ್ಜಿ ಬರಗಾಲದ ಮೊರೆ, ಜೋಕುಮಾರ ಬೇಸಾಯದ ಪಂಚಾಂಗ.

ಜೋಕುಮಾರನನ್ನು ಬುಟ್ಟಿಯಲ್ಲಿ ಹೊರುವವರು ಅಂಬಿಗ, ಬಾರಿಕರ ಮುಂತಾದ ಮನೆತನಗಳ ಹೆಣ್ಣುಮಕ್ಕಳು. ಹಸಿಮಣ್ಣಿನ ಮೂರ್ತಿ, ಅಗಲವಾದ ಕಣ್ಣು, ತೆರೆದ ಬಾಯಿ, ಮುಚ್ಚುಮರೆಯಿಲ್ಲದ ಗಂಡುತನ, ಸುತ್ತ ಬೇವಿನ ಸೊಪ್ಪು. ಒಕ್ಕಲು ಮನೆಯ ಅಂಗಳದಲ್ಲಿ ಬುಟ್ಟಿಯಿಳಿಸಿ ಸುತ್ತ ಕುಳಿತು ಹಾಡುತ್ತಾರೆ. ಮನೆಯಾಕೆ ಅವನ ಬಾಯಿಗೆ ಬೆಣ್ಣೆ ಸವರಿ, ಮೊರದಲ್ಲಿ ಜೋಳ, ಉಪ್ಪು, ಮೆಣಸಿನಕಾಯಿ ನೀಡುತ್ತಾಳೆ. ಪ್ರತಿಯಾಗಿ ನುಚ್ಚು, ಬೇವಿನ ಎಲೆ ಮನೆಗೆ ಸಿಗುತ್ತದೆ. ಅದನ್ನು ಹೊಲಕ್ಕೆ ಚರಗವಾಗಿ ಚೆಲ್ಲಿದರೆ ಪೀಕಿಗೆ ಕೇಡಿಲ್ಲವೆಂಬ ನಂಬಿಕೆ. ಹುಣ್ಣಿಮೆಯ ರಾತ್ರಿ ಅವನನ್ನು ಊರ ಹೊರಗೆ ಒಯ್ಯುತ್ತಾರೆ. ಅಗಸರ ಬಂಡೆಯ ಬಳಿ ಅವನ ಅಂತ್ಯ. ಕಥೆಯ ಪ್ರಕಾರ ಅಗಸರ ಹೆಣ್ಣಿನ ಮೇಲೆ ಕಣ್ಣುಹಾಕಿದ್ದರಿಂದ ಬಂದ ಸಾವು ಅದು. ಅದರ ಸೂತಕ ಕಳೆಯುವವರೆಗೆ ಅಲ್ಲಿ ಬಟ್ಟೆ ಒಗೆಯದ ಕಟ್ಟಳೆಯೂ ಇದೆ.

ಈ ಆಚರಣೆಯ ಫಲವಂತಿಕೆಯ ಅರ್ಥವನ್ನು ವಿದ್ವಾಂಸರು ಸಾಕಷ್ಟು ವಿವರಿಸಿದ್ದಾರೆ. 1972ರ 'ಜೋಕುಮಾರಸ್ವಾಮಿ' ನಾಟಕದಲ್ಲಿ ಚಂದ್ರಶೇಖರ ಕಂಬಾರರು ಅದನ್ನು ಭೂಮಿಯ ಒಡೆತನದ ಪ್ರಶ್ನೆಗೆ ಜೋಡಿಸಿ, ಸಂಶೋಧನ ಪ್ರಬಂಧಗಳು ಕಾಣದಿದ್ದುದನ್ನು ರಂಗದ ಮೇಲೆ ಕಾಣಿಸಿದರು. ಆದರೆ ಜನರೇ ಹೇಳುವ ಇನ್ನೊಂದು ಅರ್ಥದ ಕಡೆಗೆ ಇನ್ನೂ ಹೆಚ್ಚಿನ ಗಮನ ಸಲ್ಲಬೇಕಾಗಿದೆ. ಗಣಪತಿ ಮತ್ತು ಜೋಕುಮಾರ ಇಬ್ಬರೂ ಭೂಮಿಗೆ ಬಂದು ಹೋಗುವವರು. ಗಣಪತಿ ಕಡುಬು ಉಂಡು, ಪೂಜೆಗೊಂಡು ಹಿಂದಿರುಗಿ, ಮರ್ತ್ಯದಲ್ಲಿ ಎಲ್ಲರೂ ಸುಖವಾಗಿದ್ದಾರೆಂದು ತಂದೆ ಶಿವನಿಗೆ ಹೇಳುತ್ತಾನೆ. ಜೋಕುಮಾರ ಕೇರಿಕೇರಿ ಅಲೆದು, ಒಣಗಿದ ಹೊಲ ಕಂಡು, ಬಡಿಸಿಕೊಂಡು ಸತ್ತು ಹೋಗಿ, ಜನ ಮಳೆಯಿಲ್ಲದೆ ಕಷ್ಟದಲ್ಲಿದ್ದಾರೆಂದು ಹೇಳುತ್ತಾನೆ. ಮಳೆ ಬರುವುದು ಎರಡನೆಯ ವರದಿಯಿಂದ.

ಇದನ್ನು ಕೇವಲ ಸ್ವಾರಸ್ಯದ ಕಥೆಯೆಂದು ಬಿಡುವಂತಿಲ್ಲ. ಆಳುವವನಿಗೆ ನಾಡಿನ ಸ್ಥಿತಿಯನ್ನು ತಿಳಿಸುವವರು ಯಾರು, ಅವರು ಯಾರ ಮನೆಯಲ್ಲಿ ಉಂಡು ಬಂದಿದ್ದಾರೆ ಎಂಬುದರ ಮೇಲೆ ಆಳ್ವಿಕೆಯ ನ್ಯಾಯ ನಿಂತಿದೆಯೆಂಬ ರಾಜಕೀಯ ತಿಳಿವಳಿಕೆ ಇದರಲ್ಲಿದೆ. ಬುಟ್ಟಿ ಹೊತ್ತ ಹೆಣ್ಣುಮಕ್ಕಳು ಊರಿನ ಎಲ್ಲ ಓಣಿಗಳನ್ನೂ ಹೊಕ್ಕು ಬರುವವರು. ಯಾವ ಮನೆಯಲ್ಲಿ ಜೋಳ ತುಂಬಿ ನೀಡಿದರು, ಯಾವ ಮನೆಯ ಮೊರ ಬರಿದಾಗಿತ್ತು ಎಂಬುದು ಅವರಿಗೆ ಗೊತ್ತು. ಜಿಪುಣ ಮನೆಯ ಮೇಲೆ ಹಾಡಿನಲ್ಲಿಯೇ ಕುಟುಕುವ ಸಲಿಗೆಯೂ ಆ ಏಳು ದಿನ ಅವರಿಗುಂಟು. ಉಳಿದ ದಿನಗಳಲ್ಲಿ ಅದೇ ಅಂಗಳದಲ್ಲಿ ಆ ದನಿ ಏಳುವಂತಿಲ್ಲ. ಆದ್ದರಿಂದ ಈ ಹಾಡುಗಳು ಜಾತಿವ್ಯವಸ್ಥೆಯನ್ನು ಪ್ರಶ್ನಿಸುತ್ತವೆಯೆಂದು ಉತ್ಸಾಹದಿಂದ ಹೇಳುವುದೂ, ಅವು ಅದನ್ನು ಗಟ್ಟಿಗೊಳಿಸುವ ಒತ್ತಡದ ಕಿಂಡಿ ಮಾತ್ರವೆಂದು ತಳ್ಳಿಹಾಕುವುದೂ ಆತುರದ ಮಾತುಗಳಾಗುತ್ತವೆ. ಅಗಸರ ಬಂಡೆಗೆ ದೇವರ ಸಾವನ್ನು ಹೊರಿಸುವ ಕಥೆಯನ್ನು ಅಗಸರ ಕೇರಿಯಲ್ಲಿ ಹೇಗೆ ಹೇಳುತ್ತಾರೆಂಬುದನ್ನು ಕೇಳದೆ ಇಂಥ ತೀರ್ಮಾನಗಳಿಗೆ ಬರಲಾಗದು. ಪ್ರಕಟಿತ ಜೋಕುಮಾರ ಸಾಹಿತ್ಯದಲ್ಲಿ ದೊರೆಯುವುದು ಬಹುಮಟ್ಟಿಗೆ ಬುಟ್ಟಿ ಹೊತ್ತವರ ಪಾಠ.

ಇಲ್ಲಿಯೇ ಸಂಗ್ರಹ ಚರಿತ್ರೆಯ ಇನ್ನೊಂದು ಎಳೆಯನ್ನು ಹಿಡಿಯಬಹುದು. ಹಲಸಂಗಿ ಗೆಳೆಯರ 'ಗರತಿಯ ಹಾಡು' 1931ರಲ್ಲಿ ಹೊರಬಂದಾಗ ಕನ್ನಡ ನವೋದಯ ಕಾವ್ಯಕ್ಕೆ ಅದು ಕೊಟ್ಟ ಚೈತನ್ಯ ಅಸಾಧಾರಣವಾದುದು. ಮಧುರಚೆನ್ನ, ಸಿಂಪಿ ಲಿಂಗಣ್ಣ ಮೊದಲಾದವರ ಶ್ರದ್ಧೆ ಇಂದಿಗೂ ಮೇಲ್ಪಂಕ್ತಿ. ಆದರೆ ಶೀರ್ಷಿಕೆಯಲ್ಲಿಯೇ ಒಂದು ಆಯ್ಕೆಯಿದೆ. ಹಾಡುವ ಹೆಣ್ಣು 'ಗರತಿ'ಯಾದೊಡನೆ ಅವಳ ಬಾಯಲ್ಲಿ ತವರು, ತಾಯಿ, ಮಗು, ದೇವರು ಸಲ್ಲುತ್ತವೆ. ಜೋಕುಮಾರನ ಅಂಗಳದ ಹಾಡುಗಳು ಸಲ್ಲುವುದು ಕಷ್ಟ. ಎರಡನ್ನೂ ಹಾಡುವವಳು ಒಬ್ಬಳೇ ಹೆಣ್ಣುಮಗಳು ಎಂಬುದು ಹಳ್ಳಿಯಲ್ಲಿ ಸೋಜಿಗದ ಸಂಗತಿಯಲ್ಲ. ರಾಷ್ಟ್ರೀಯ ಚಳವಳಿಯ ಕಾಲದ ಓದುಗನಿಗೆ ಬೇಕಾಗಿದ್ದ ಮಾದರಿ ಹೆಣ್ಣು ಬೇರೆ. ಎ.ಕೆ. ರಾಮಾನುಜನ್ 1986ರಲ್ಲಿ ಕನ್ನಡ ಜಾನಪದದ ಎರಡು ವಲಯಗಳನ್ನು ಕುರಿತು ಬರೆದಾಗ, ಒಲೆಯ ಬಳಿ ಹೇಳುವ ಕಥೆಗೂ ಊರಮುಂದೆ ಹಾಡುವ ಕಥನಕ್ಕೂ ಇರುವ ಅಂತರವನ್ನು ಪ್ರಾಚೀನ ತಮಿಳು ಕಾವ್ಯಮೀಮಾಂಸೆಯ ಅಗಂ, ಪುರಂ ಎಂಬ ಪರಿಕಲ್ಪನೆಗಳಿಂದ ವಿವರಿಸಿದರು. ಆ ವಿವೇಚನೆ ಇಂದಿಗೂ ಉಪಯುಕ್ತ. ಜೋಕುಮಾರನ ಹಾಡು ಮಾತ್ರ ಆ ಎರಡರಲ್ಲಿ ಯಾವುದಕ್ಕೂ ನೇರವಾಗಿ ಸೇರುವುದಿಲ್ಲ. ಅದು ಅಂಗಳದ ಹಾಡು: ಒಳಗೂ ಅಲ್ಲ, ಹೊರಗೂ ಅಲ್ಲ.

ಬಂಡಾಯ ಎಂಬ ಒಂದು ಪದ

ಮೌಖಿಕ ಪರಂಪರೆ ಚರಿತ್ರೆಯನ್ನು ನಂಬಲರ್ಹವಾಗಿ ಕಾಯ್ದಿಡುತ್ತದೆಯೆ ಎಂಬ ಪ್ರಶ್ನೆ ಹಳೆಯದು. ಆಫ್ರಿಕದ ಅನುಭವದಿಂದ ಯಾನ್ ವಾನ್ಸಿನಾ ಕಟ್ಟುನಿಟ್ಟಾಗಿ ಪರೀಕ್ಷಿಸಿದರೆ ಕಾಯ್ದಿಡುತ್ತದೆಂದು ವಾದಿಸಿದರೆ, ಜ್ಯಾಕ್ ಗೂಡಿ ಮೊದಲಾದವರು ಅದು ವರ್ತಮಾನಕ್ಕೆ ತಕ್ಕಂತೆ ಭೂತವನ್ನು ಸದಾ ಹೊಂದಿಸಿಕೊಳ್ಳುತ್ತದೆಂದರು. ನರಗುಂದ ಈ ವಾದಕ್ಕೆ ಒಳ್ಳೆಯ ನಿದರ್ಶನ. 'ನರಗುಂದ ಬಂಡಾಯ' ಎಂದರೆ ಇಂದು ಎರಡು ಘಟನೆಗಳು. ಒಂದು 1858ರ ಬಾಬಾಸಾಹೇಬನದು. ಇನ್ನೊಂದು 1980ರ ಜುಲೈ 21ರಂದು ಮಲಪ್ರಭಾ ಅಚ್ಚುಕಟ್ಟಿನ ರೈತರು ನೀರಿನ ಕರ ಮತ್ತು ಅಭಿವೃದ್ಧಿ ಕರಗಳ ವಿರುದ್ಧ ನಡೆಸಿದ ಹೋರಾಟ. ಅದು ಗೋಲಿಬಾರಿನಲ್ಲಿ ಮುಗಿದು, ರಾಜ್ಯದ ರೈತ ಚಳವಳಿಯ ಆರಂಭಬಿಂದುವಾಯಿತು. 2015ರಿಂದ ಮಹದಾಯಿ ನೀರಿಗಾಗಿ ಅದೇ ಊರಿನಲ್ಲಿ ನಡೆದ ದೀರ್ಘ ಧರಣಿಯೂ ಈಗ ಆ ಹೆಸರಿನ ಬಳಿ ಬಂದು ನಿಂತಿದೆ. ಮೊದಲ ಬಂಡಾಯ ಸಂಸ್ಥಾನಿಕನದು, ಎರಡನೆಯದು ಒಕ್ಕಲಿಗನದು. ಒಂದರ ವಸ್ತು ದತ್ತಕದ ಹಕ್ಕು, ಇನ್ನೊಂದರದು ನೀರು, ಕರ. ಇಷ್ಟು ಭಿನ್ನವಾದ ಸಂಗತಿಗಳು ಒಂದೇ ಪದದಲ್ಲಿ ಕೂಡಿಕೊಂಡಾಗ, ಸಂಸ್ಥಾನಿಕನ ಚರಿತ್ರೆ ಒಕ್ಕಲಿನ ಚರಿತ್ರೆಯಾಗಿ ಮರುಹುಟ್ಟು ಪಡೆಯುತ್ತದೆ. ಇದನ್ನು ಸ್ಮೃತಿಯ ಗೊಂದಲವೆಂದು ತಿದ್ದಲು ಹೊರಡುವುದು ವ್ಯರ್ಥ. ಲಾವಣಿ ಬೀಸುವ ಕಲ್ಲಿನ ಲೆಕ್ಕವನ್ನು ಇಟ್ಟಾಗಲೇ ಈ ವರ್ಗಾವಣೆ ಆರಂಭವಾಗಿತ್ತು.

ಇದೇ ರೀತಿ ಪದ್ಮಬ್ಬರಸಿಯ ಬಸದಿ ಇಂದು ನಾರಾಯಣ ದೇವಾಲಯವೆಂಬ ಹೆಸರಿನಿಂದ ಪರಿಚಿತವಾಗಿದೆ. ಶಾಸನತಜ್ಞನಿಗೆ ಇದು ಜನರ ಅಜ್ಞಾನ. ಜಾನಪದ ವಿದ್ವಾಂಸನಿಗೆ ಹಾಗಲ್ಲ. ಸಾವಿರ ವರ್ಷಗಳಲ್ಲಿ ಈ ನೆಲದಲ್ಲಿ ಬದಲಾದ ಮತಧರ್ಮಗಳ ಚರಿತ್ರೆ ಕಲ್ಲಿನ ಮೇಲೆ ಉಳಿಯದೆ ಹೆಸರಿನ ಮೇಲೆ ಉಳಿದಿದೆ. ಕಲ್ಲು ಒಂದು ದಿನದ ಸಾಕ್ಷಿ, ಹೆಸರು ಅನಂತರದ ಎಲ್ಲ ದಿನಗಳ ಸಾಕ್ಷಿ.

ಬರಹ ಮತ್ತು ಮಾತುಗಳನ್ನು ಎರಡು ಬೇರೆ ಲೋಕಗಳೆಂದು ಬಗೆಯುವ ಕ್ರಮವೂ ಈ ಸೀಮೆಗೆ ಹೊಂದುವುದಿಲ್ಲ. ಶ್ರಾವಣದಲ್ಲಿ ಮಠಗಳ ಅಂಗಳದಲ್ಲಿ ಪುರಾಣ ಹಚ್ಚಿದಾಗ ಅಚ್ಚಿನ ಪುಸ್ತಕ ಮುಂದಿರುತ್ತದೆ. ಆದರೆ ಓದಿದ ಒಂದು ಪದ್ಯಕ್ಕೆ ಅರ್ಧಗಂಟೆಯ ಮಾತು, ಊರಿನ ವರ್ತಮಾನ, ನಗೆ, ಹಾಡು ಸೇರಿ ಕೇಳುಗರು ಮನೆಗೊಯ್ಯುವುದು ಮಾತಿನ ಪುರಾಣವನ್ನು. ಮೊಹರಂನಲ್ಲಿ ಅಲಾಯಿ ಕುಣಿಯ ಸುತ್ತ ಕರ್ಬಲದ ಕಥೆಯನ್ನು ಕನ್ನಡದ ರಿವಾಯತ್ ಪದಗಳಲ್ಲಿ ಹಾಡುವವರಲ್ಲಿ ಮುಸಲ್ಮಾನರಲ್ಲದವರೂ ಇದ್ದಾರೆ. ಬರೆದ ಪದದ ವಹಿ ಅವರ ಕೈಯಲ್ಲಿರುವುದೂ ಉಂಟು. ರಹಮತ್ ತರೀಕೆರೆಯವರ ಮೊಹರಂ ಅಧ್ಯಯನ ಈ ಲೋಕದ ಹರಹನ್ನು ಚೆನ್ನಾಗಿ ತೋರಿಸಿದೆ. ಈ ಪದಗಳನ್ನು 'ಕೋಮು ಸೌಹಾರ್ದದ ಸಂಕೇತ' ಎಂಬ ಒಂದು ವಾಕ್ಯದಲ್ಲಿ ಮುಗಿಸಿಬಿಡುವ ಅಭಿನಂದನ ಲೇಖನಗಳು ಹಾಡಿನ ವಸ್ತುವಾದ ಅನ್ಯಾಯದ ಸಾವನ್ನು ಮರೆಯುತ್ತವೆ.

ಎಲ್ಲಕ್ಕಿಂತ ಸ್ಪಷ್ಟವಾದ ಉದಾಹರಣೆ ಹೆಳವರದು. ಎತ್ತಿನ ಮೇಲೆ ಬಂದು, ನಸುಕಿನಲ್ಲಿ ಮನೆಯ ಮುಂದೆ ನಿಂತು, ಮನೆತನದ ಮೂಲಪುರುಷನಿಂದ ಇಂದಿನ ಕೂಸಿನವರೆಗೆ ವಂಶವನ್ನು ಹೇಳುವ ಇವರು ಉತ್ತರ ಕರ್ನಾಟಕದ ಒಕ್ಕಲು ಮನೆತನಗಳ ಜಂಗಮ ದಫ್ತರ. ಯಾವ ಮನೆತನಗಳು ಯಾವ ಹೆಳವನಿಗೆ ಸೇರಿದವು ಎಂಬುದು ವಂಶಪಾರಂಪರ್ಯವಾಗಿ ಹಂಚಿಕೆಯಾಗಿರುತ್ತದೆ. ಕಾಳು, ಬಟ್ಟೆ, ಕೆಲವೊಮ್ಮೆ ದನ ಅವರಿಗೆ ಸಲ್ಲುವ ಕಾಣಿಕೆ. ಅವರ ಬಳಿ ಹೊತ್ತಗೆಗಳೂ ಇರುತ್ತವೆ. ಹೊಸ ಹೆಸರುಗಳನ್ನು ಅದರಲ್ಲಿ ಸೇರಿಸಿಕೊಳ್ಳುತ್ತಾರೆ. ಆದರೂ ಮನೆಯವರು ನಂಬುವುದು ಬರೆದದ್ದನ್ನಲ್ಲ, ಅಂಗಳದಲ್ಲಿ ನಿಂತು ಎಲ್ಲರ ಎದುರು ಹೇಳಿದ್ದನ್ನು. ಹೇಳಿಕೆಯಲ್ಲಿ ತಪ್ಪಿದರೆ ಅಲ್ಲಿಯೇ ಹಿರಿಯರು ತಡೆಯುತ್ತಾರೆ. ದಾಯಾದಿಗಳ ನಡುವೆ ಪಾಲಿನ ತಕರಾರು ಇದ್ದಾಗ ಹೆಳವನ ಮಾತಿಗೆ ಬೆಲೆ ಬರುವುದು ಈ ಬಹಿರಂಗ ತನಿಖೆಯಿಂದ. ಇನ್ನು ಅದರಲ್ಲಿ ಬಾರದ ಹೆಸರುಗಳೂ ಇವೆ: ಹೆಣ್ಣುಮಕ್ಕಳು ಬಹುಮಟ್ಟಿಗೆ ಆ ವಂಶದಲ್ಲಿ ಇಲ್ಲ, ಕೊಟ್ಟ ಮನೆಗೆ ಹೋದವರಾಗಿ ಮಾತ್ರ ಇದ್ದಾರೆ. ತವರಿನ ಹಾಡುಗಳಲ್ಲಿ ಅಣ್ಣತಮ್ಮಂದಿರ ಹೆಸರುಗಳನ್ನು ಒಂದೊಂದಾಗಿ ಕಟ್ಟಿ ಹಾಡುವ ಹೆಣ್ಣುಮಕ್ಕಳು ಹೆಳವನ ಹೊತ್ತಗೆಯ ಎದುರು ಬೇರೊಂದು ವಂಶಾವಳಿಯನ್ನು ನಿಲ್ಲಿಸುತ್ತಿದ್ದರೆಂದು ಹೇಳಬಹುದು. ಈ ಎರಡನ್ನೂ ಒಂದೇ ಊರಿನಲ್ಲಿ, ಒಂದೇ ಮನೆತನದಲ್ಲಿ ಇಟ್ಟು ನೋಡುವ ಅಧ್ಯಯನ ಜರೂರಾಗಿ ಆಗಬೇಕಾಗಿದೆ.

ಗಿರಣಿ ಬಂದು ಬೀಸುವ ಕಲ್ಲು ಮೂಲೆ ಸೇರಿದ ಮೇಲೆ ಬೀಸುವ ಪದವೂ ಸತ್ತಿತೆಂದು ಬರೆಯುವವರು ಬಹಳ. ಜಾನಪದ ಅಳಿಯುತ್ತಿದೆ, ಕೂಡಲೆ ಸಂಗ್ರಹಿಸಬೇಕು ಎಂಬ ಮಾತು ಸಂಗ್ರಹ ಕಾರ್ಯದಷ್ಟೇ ಹಳೆಯದು. ಪ್ರತಿ ತಲೆಮಾರಿನ ಮುನ್ನುಡಿಯಲ್ಲಿಯೂ ಅದು ಹೊಸದೆಂಬಂತೆ ಬರುತ್ತದೆ. ಬೀಸುವಾಗ ಹಾಡುತ್ತಿದ್ದ ತ್ರಿಪದಿಗಳು ಮದುವೆಯ ಸೋಬಾನೆಗೆ, ತೊಟ್ಟಿಲಿಗೆ, ಭಜನೆಯ ಮೇಳಕ್ಕೆ ಸರಿದದ್ದುಂಟು. ಕ್ಯಾಸೆಟ್ಟಿಗೆ, ಈಗ ಮೊಬೈಲಿಗೂ. ಸರಿಯುವಾಗ ಕಳೆದುಕೊಂಡದ್ದು ಕಲ್ಲಿನ ಲಯ ಮತ್ತು ನಸುಕಿನ ಏಕಾಂತ. ಅತ್ತೆ ನಿದ್ದೆಯಲ್ಲಿದ್ದ ಹೊತ್ತಿನಲ್ಲಿ ಹಾಡಿಕೊಂಡ ದೂರು ಮದುವೆ ಚಪ್ಪರದಲ್ಲಿ ಧ್ವನಿವರ್ಧಕದ ಮುಂದೆ ಹಾಗೆಯೇ ಉಳಿಯುವಂತಿಲ್ಲ. ಉಳಿದ ಪದವನ್ನು ಕಂಡು ಸಂತೋಷಪಡುವವರೂ ಹೋದ ಪದಕ್ಕೆ ಮರುಗುವವರೂ ಈ ಬದಲಾವಣೆಯನ್ನು ಪದಪದವಾಗಿ ಹಿಡಿದು ನೋಡಿಲ್ಲ.

ಸಾಂಸ್ಥಿಕ ಆದ್ಯತೆಗಳ ಬಗ್ಗೆಯೂ ಒಂದು ಮಾತು. 1991ರಲ್ಲಿ ಸ್ಥಾಪನೆಯಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಜನಪದ ಮಹಾಕಾವ್ಯಗಳ ಪ್ರಕಟಣೆಯಲ್ಲಿ ಮಾಡಿದ ಕೆಲಸ ದೊಡ್ಡದು. ತುಳುನಾಡಿನ ಸಿರಿ ಕಾವ್ಯವನ್ನು ಗೋಪಾಲ ನಾಯ್ಕರ ಹಾಡಿಕೆಯಿಂದ ಲೌರಿ ಹಾಂಕೊ 1998ರಲ್ಲಿ ಗ್ರಂಥವಾಗಿಸಿದ ಮೇಲೆ ಹಾಡುಗಾರನ ಹೆಸರು ಮುಖಪುಟಕ್ಕೆ ಬರುವುದು ನ್ಯಾಯವೆಂಬ ತಿಳಿವಳಿಕೆಯೂ ಗಟ್ಟಿಯಾಯಿತು. ಆದರೆ ಮಹಾಕಾವ್ಯದ ಮೋಹದಲ್ಲಿ ಮಂಟೇಸ್ವಾಮಿ, ಮಾದಪ್ಪ, ಸಿರಿಯರ ನಾಡುಗಳಿಗೆ ಸಂದ ಗಮನ ಬಿಡಿಪದಗಳ, ವಾದದ ಪದಗಳ, ಏಳು ದಿನದ ದೇವರ ನಾಡಿಗೆ ಅದೇ ಪ್ರಮಾಣದಲ್ಲಿ ಸಲ್ಲಲಿಲ್ಲ. ಗಾತ್ರ ಸಣ್ಣದಾದರೆ ಮಹತ್ವವೂ ಸಣ್ಣದೆಂಬ ಭಾವನೆ ಇದರ ಹಿಂದಿದೆ.

2011ರಲ್ಲಿ ಗೊಟಗೋಡಿಯಲ್ಲಿ ಜಾನಪದ ವಿಶ್ವವಿದ್ಯಾಲಯ ಆರಂಭವಾದ ಮೇಲೆ ಈ ಸೀಮೆಗೆ ಹತ್ತಿರದಲ್ಲಿಯೇ ಇಂಥ ಕೆಲಸಕ್ಕೆ ನೆಲೆಯೊಂದು ದೊರೆತಿದೆ. ಅಲ್ಲಿ, ಧಾರವಾಡದಲ್ಲಿ, ಹಂಪಿಯಲ್ಲಿ ಸೇರುವ ಸಂಗ್ರಹಗಳಿಗೆ ಹಾಡಿನ ಮೊದಲ ಸಾಲಿನ ಅಕಾರಾದಿ ಮಾತ್ರ ಸಾಲದು. ಊರು, ಓಣಿ, ಹಾಡಿದವರ ಹೆಸರು, ಅವರು ಯಾರಿಂದ ಕಲಿತರು, ಯಾರ ಎದುರು ಹಾಡಿದರು, ಹಾಡಿಗೆ ಯಾರು ಎದುರು ಪದ ಕೊಟ್ಟರು ಎಂಬ ಸೂಚಿಯೂ ಬೇಕು. ನರೇಗಲ್ಲಿನ ಶಾಸನವನ್ನು ಹುಡುಕುವವನಿಗೆ ಸಂಪುಟ, ಪುಟ, ಸಾಲು ಕ್ಷಣದಲ್ಲಿ ಸಿಗುತ್ತವೆ. ಅದೇ ಊರಿನ ಹೆಣ್ಣುಮಗಳೊಬ್ಬಳು ತನ್ನ ಅತ್ತೆ ಹೇಳಿಕೊಟ್ಟ ಪದವನ್ನು ಈ ಸಂಗ್ರಹಗಳಲ್ಲಿ ಹುಡುಕಲು ಹೊರಟರೆ, ಮೊದಲ ಸಾಲು ಬಾಯಿಗೆ ಬಂದರೆ ಮಾತ್ರ ಆಕೆಗೆ ದಾರಿ ಸಿಗುತ್ತದೆ.